ಭಟಕಂತಿಯ ನಟ ಮತ್ತು ನಮ್ಮ ಬಯಲಿನ ಕಲ್ಲುಗಳು

ಮಿಲಿಂದ ಗುಣಾಜಿ ಎಂದೊಡನೆ ಹಿಂದಿ ಚಿತ್ರಗಳ ಪ್ರೇಕ್ಷಕರಿಗೆ ನೆನಪಾಗುವುದು ಗಡ್ಡಮೀಸೆಯ ಖಳನಾಯಕ. 1994ರ ‘ದ್ರೋಹಕಾಲ’ದಲ್ಲಿ, 2002ರ ‘ದೇವದಾಸ್’ನಲ್ಲಿ ಅವರಿದ್ದರು. 1997ರ ‘ವಿರಾಸತ್’ ತಮಿಳಿನ ‘ತೇವರ್ ಮಗನ್’ ಚಿತ್ರದ ಹಿಂದಿ ರೂಪ. ಮೂಲದಲ್ಲಿ ನಾಸರ್ ನಿರ್ವಹಿಸಿದ್ದ ದಾಯಾದಿಯ ಪಾತ್ರ ಇಲ್ಲಿ ಗುಣಾಜಿಯವರ ಪಾಲಿಗೆ ಬಂತು. ಆದರೆ ಮರಾಠಿ ಮನೆಗಳಲ್ಲಿ ಅವರಿಗೆ ದೊರೆತ ಅಕ್ಕರೆಗೆ ಕಾರಣ ಬೇರೆ. ಆಲ್ಫಾ ಮರಾಠಿ, ಅಂದರೆ ಇಂದಿನ ಝೀ ಮರಾಠಿ ವಾಹಿನಿಯಲ್ಲಿ ಅವರು ನಿರೂಪಿಸಿದ ‘ಭಟಕಂತಿ’ಯೇ ಆ ಕಾರಣ.

ಭಟಕಂತಿ ಎಂದರೆ ಅಲೆದಾಟ. ಆ ಪದಕ್ಕೆ ಮರಾಠಿಯಲ್ಲಿ ಅಷ್ಟೇನೂ ಮರ್ಯಾದೆಯಿರಲಿಲ್ಲ. ನಮ್ಮ ಹಿರಿಯರು ‘ತಿರುಗಾಟ’ ಎನ್ನುವಾಗಿನ ಧಾಟಿಯೇ ಅದಕ್ಕೂ ಇತ್ತು. ಈ ನಟ ಕೋಟೆ, ಕಣಿವೆಗಳನ್ನು ಸುತ್ತಿ ಅದಕ್ಕೊಂದು ಗೌರವ ತಂದುಕೊಟ್ಟರು. ಅವರ ಪ್ರವಾಸ ಗ್ರಂಥದ ಹೆಸರು ‘ಮಾಝೀ ಮುಲುಖಗಿರಿ’. ಮರಾಠರ ಕಾಲದಲ್ಲಿ ಮುಲುಖಗಿರಿ ಎಂದರೆ ದಂಡೆತ್ತಿ ಹೋಗಿ ಪರನಾಡಿನಿಂದ ಕಪ್ಪ ವಸೂಲಿ ಮಾಡುವುದು! ಕತ್ತಿಯ ಮಾತನ್ನು ಕಾಲ್ನಡಿಗೆಗೆ ಒಗ್ಗಿಸಿದ ಈ ಜಾಣ್ಮೆ ನನಗೆ ಅವರ ಯಾವ ಖಳಪಾತ್ರಕ್ಕಿಂತಲೂ ಹೆಚ್ಚು ಮೆಚ್ಚುಗೆಯಾಗಿದೆ.

ಇದೆಲ್ಲ ಒಬ್ಬರ ಸಾಧನೆಯಲ್ಲ. ಗೋ. ನೀ. ದಾಂಡೇಕರರಂಥ ಲೇಖಕರು ದುರ್ಗಗಳನ್ನು ಹತ್ತಿಳಿದು ಬರೆದು ಮರಾಠಿಯಲ್ಲಿ ನೆಲವನ್ನು ಮೊದಲೇ ಹದಗೊಳಿಸಿದ್ದರು. ದೂರದರ್ಶನದ ನಟ ಆ ಬೆಳೆಯನ್ನು ಮನೆಮನೆಗೆ ಮುಟ್ಟಿಸಿದ. ಕನ್ನಡದಲ್ಲಿ ಕಾರಂತರ ‘ಅಬೂವಿನಿಂದ ಬರಾಮಕ್ಕೆ’ ಇದೆ, ಗೋಕಾಕರ ‘ಸಮುದ್ರದಾಚೆಯಿಂದ’ ಇದೆ. ನಮ್ಮ ಹೆಸರಾಂತ ಪ್ರವಾಸ ಕಥನಗಳು ಸಮುದ್ರವನ್ನು ದಾಟಿದಷ್ಟು ಸಲೀಸಾಗಿ ಭೀಮೆಯನ್ನು ದಾಟಿಲ್ಲ.

ಕ್ಯಾಮೆರಾ ಸ್ವಭಾವತಃ ಎತ್ತರವನ್ನು ಮೆಚ್ಚುತ್ತದೆ. ಸಹ್ಯಾದ್ರಿಯ ಮಂಜು, ಜಲಪಾತಗಳ ಮುಂದೆ ಸೊಲ್ಲಾಪುರದ ಬಯಲು ಅದಕ್ಕೆ ಸಪ್ಪೆ. ಆದರೆ ಈ ಬಯಲು ಸಿದ್ಧರಾಮನ ಸೊನ್ನಲಿಗೆ. ಇಲ್ಲಿಯ ಮಂಗಳವೇಢೆ ಕಳಚುರಿ ಬಿಜ್ಜಳನ ನೆಲೆವೀಡು. ಭೀಮಾ–ಸೀನಾ ಸಂಗಮದ ಹತ್ತರಸಂಗ ಕೂಡಲದಲ್ಲಿ ಶಕ 940ರ, ಅಂದರೆ ಕ್ರಿ.ಶ. 1018ರ ಬರಹವೊಂದಿದೆ, ಮರಾಠಿಯ ಅತಿ ಪ್ರಾಚೀನ ಶಾಸನಗಳಲ್ಲಿ ಅದನ್ನು ಎಣಿಸುತ್ತಾರೆ. ಅದೇ ಜಿಲ್ಲೆಯ ಗುಡಿಯಂಗಳಗಳಲ್ಲಿ ಚಾಲುಕ್ಯ, ಕಳಚುರಿ ಕಾಲದ ಕನ್ನಡ ಶಾಸನಗಳಿವೆ. ಶ್ರೀನಿವಾಸ ರಿತ್ತಿ, ಆನಂದ ಕುಂಭಾರ ಇವರು ಸಂಪಾದಿಸಿದ ಸೊಲ್ಲಾಪುರ ಜಿಲ್ಲೆಯ ಶಾಸನ ಸಂಪುಟ 1988ರಲ್ಲೇ ಧಾರವಾಡದಲ್ಲಿ ಪ್ರಕಟವಾಗಿದೆ. ಮರಾಠಿ ಬಲ್ಲವರು ಮರಾಠಿ ಕಲ್ಲಿನ ಮುಂದೆ ನಿಂತು ಹೆಮ್ಮೆಪಡುವುದು ಸಹಜ. ಕನ್ನಡದ ಕಲ್ಲಿನ ಮುಂದೆ ನಿಂತು ಓದಿ ಹೇಳಬೇಕಾದವರು ಯಾರು?

‘ಕನ್ನಡ ಐಚ್ಛಿಕ ಓದಿ ಏನು ಮಾಡೋದು ಸರ್?’ ಎಂದು ನೀವು ಕೇಳುತ್ತೀರಿ. ಹಳಗನ್ನಡದ ವಿಭಕ್ತಿ ಪ್ರತ್ಯಯಗಳನ್ನು ಪರೀಕ್ಷೆಗಾಗಿ ಹೇಗೂ ಬಾಯಿಪಾಠ ಮಾಡುತ್ತಿದ್ದೀರಿ. ಶಾಸನದ ಸಾಲು ಬಿಡಿಸಲು ಬೇಕಾದದ್ದೂ ಅದೇ. ಗುಣಾಜಿಯವರ ಬೆನ್ನಿಗೆ ಒಂದು ವಾಹಿನಿಯಿತ್ತು. ನಿಮ್ಮ ಕಿಸೆಯಲ್ಲಿ ಮೊಬೈಲಿದೆ, ಬಾಯಲ್ಲಿ ಕನ್ನಡ, ಮರಾಠಿ ಎರಡೂ ಇವೆ. ಮಳೆಗಾಲ ಮುಗಿದ ಮೇಲೆ ಕೂಡಲದ ದಾರಿ ಹಿಡಿಯೋಣ. ಸಂಪುಟದ ಪ್ರತಿಯನ್ನು ನಾನು ತರುತ್ತೇನೆ.