ಸವಾಲು ಕೂಗಿದವರು ಬಾಕಿ ತೀರಿಸಲಿ

ಹಳ್ಳಿಯವರು ಕೆಟ್ಟರು, ಸಂಪ್ರದಾಯ ಬಿಟ್ಟರು ಎಂದು ಮುಂಬೈ, ಪುಣೆಗಳ ನಮ್ಮ ಮನೆಗಳಲ್ಲಿ ಕೇಳಿಬರುವ ಮಾತು ನನಗೆ ಸಾಕಾಗಿದೆ. ಬೆಳಗಾವಿ ಸೀಮೆಯ ನಮ್ಮೂರಿನ ಬಸದಿಯ ಲೆಕ್ಕ ನೋಡಿಕೊಡಬೇಕೆಂದು ಕಳೆದ ವರ್ಷ ಪಂಚರು ಕೇಳಿದರು, ನೋಡಿದೆ. ಜಮಾ ಪುಟದ ತುಂಬ ಪಂಚಕಲ್ಯಾಣ ಮಹೋತ್ಸವದಲ್ಲಿ ಧ್ವನಿವರ್ಧಕದ ಮುಂದೆ ಕೂಗಿದ ಸವಾಲಿನ ಮೊತ್ತಗಳು. ಎದುರಿನ ಅಂಕಣದಲ್ಲಿ ಒಂದೇ ಶಬ್ದ: ಬಾಕಿ. ವಸೂಲಾಗದ ಹಣವನ್ನು ಹೀಗೆ ಆದಾಯವೆಂದು ತೋರಿಸುವ ವ್ಯಾಪಾರಿಯ ಲೆಕ್ಕಕ್ಕೆ ನಾನು ಸಹಿ ಹಾಕುವವನಲ್ಲ. ಬಾಕಿ ಉಳಿಸಿಕೊಂಡವರಲ್ಲಿ ಹೊಲ ಉಳುವವರು ಇಬ್ಬರೋ ಮೂವರೋ. ಮಿಕ್ಕವರೆಲ್ಲ ನನ್ನಂತೆ ಊರು ಬಿಟ್ಟವರು. ಪ್ರಥಮ ಕಳಶದ ಮಾನ ಪಡೆದು, ಪೇಟ ಸುತ್ತಿಸಿಕೊಂಡು, ಫೋಟೊ ತೆಗೆಸಿಕೊಂಡು ರಾತ್ರಿಯ ಬಸ್ಸು ಹತ್ತಿದವರು. ಪಟ್ಟಿಯಲ್ಲಿ ನನ್ನ ಸೋದರಮಾವನವರ ಹೆಸರೂ ಇತ್ತು. ಫೋನು ಮಾಡಿ ಕೇಳಿದೆ; ಅಂದಿನಿಂದ ಅವರು ನನ್ನೊಡನೆ ಮಾತು ಬಿಟ್ಟಿದ್ದಾರೆ.

ಇನ್ನು ಖರ್ಚಿನ ಪುಟ. ಹಳೆಯ ಕಲ್ಲುಹಾಸಿನ ಮೇಲೆ ನುಣುಪಾದ ಗ್ರಾನೈಟ್ ಬಂದದ್ದು ನಗರದ ದಾನಿಗಳ ಹಠದಿಂದ. ಮಳೆಗಾಲದಲ್ಲಿ ಮುದುಕರು ಜಾರಿ ಬೀಳುತ್ತಾರೆಂದು ಊರವರು ಬೇಡವೆಂದಿದ್ದರು. ನಿತ್ಯ ಅಭಿಷೇಕ ಮಾಡುವ ಉಪಾಧ್ಯೆಯವರ ತಿಂಗಳ ಸಂಬಳವಾದರೋ, ಮುಂಬೈಯಲ್ಲಿ ಕಾರು ನಿಲ್ಲಿಸಲು ನಾವು ತೆರುವ ಬಾಡಿಗೆಗಿಂತ ಕಡಿಮೆ. ಅವರ ಮಗ ಈ ವೃತ್ತಿಗೆ ಬರಲಾರ. ಬರಬೇಕೆನ್ನಲು ನಮಗೆ ಬಾಯಿಯಿಲ್ಲ.

1899ರಲ್ಲಿ ದಕ್ಷಿಣ ಮಹಾರಾಷ್ಟ್ರ ಜೈನ ಸಭೆಯನ್ನು ಕಟ್ಟಿದ ಹಿರಿಯರೂ ಸಂಪ್ರದಾಯಸ್ಥರೇ. ಆದರೆ ಅವರ ಕಾಲದಲ್ಲಿ ದಾನದ ಹಣದಿಂದ ಕೊಲ್ಹಾಪುರ ಮುಂತಾದೆಡೆ ಒಕ್ಕಲು ಮಕ್ಕಳಿಗೆ ಬೋರ್ಡಿಂಗುಗಳೆದ್ದವು. ಶಾಸ್ತ್ರದಾನಕ್ಕೆ ಅವರು ಕೊಟ್ಟ ಅರ್ಥ ಅದು. ಅದಕ್ಕೂ ಒಂಬತ್ತು ಶತಮಾನಗಳ ಹಿಂದೆ ಅತ್ತಿಮಬ್ಬೆ ಪೊನ್ನನ ಶಾಂತಿಪುರಾಣದ ಸಾವಿರ ಪ್ರತಿಗಳನ್ನು ಮಾಡಿಸಿ ಹಂಚಿದ್ದಳು. ಆ ತಾಯಿಯ ಹೆಸರನ್ನು ಭಾಷಣಗಳಲ್ಲಿ ಹೊಗಳುವ ನಮ್ಮೂರ ಪಂಚ ಕಮಿಟಿಯಲ್ಲಿ ಇಂದಿಗೂ ಒಬ್ಬ ಹೆಣ್ಣುಮಗಳಿಲ್ಲ. ಇದು ಯಾವ ಸಂಪ್ರದಾಯವೆಂದು ಸಮರ್ಥಕರು ತಿಳಿಸಲಿ.

ಹಣ ಕೊಡುವವರ ಮನ ನೋಯಿಸಬಾರದು ಎನ್ನುವವರುಂಟು. ಕೊಟ್ಟಿದ್ದರೆ ತಾನೆ!

ಬರುವ ದೀಪಾವಳಿಯಲ್ಲಿ ಹೊಸ ಖಾತೆ ತೆರೆಯುವ ಮುನ್ನ ಬಾಕಿಯ ಪಟ್ಟಿಯನ್ನು ಬಸದಿಯ ಬಾಗಿಲಿಗೆ ಅಂಟಿಸಿರೆಂದು ಪಂಚರಿಗೆ ಬರೆದುಕೊಟ್ಟಿದ್ದೇನೆ. ವಸೂಲಾದ ಹಣದಲ್ಲಿ ಮೊದಲು ಉಪಾಧ್ಯೆಯವರ ಸಂಬಳ, ಬಳಿಕ ಊರಿನ ಮಕ್ಕಳ ಕಾಲೇಜು ಶುಲ್ಕ. ಅಮೃತಶಿಲೆಯ ಮಾತು ಕೊನೆಗೆ. ಮುಂದಿನ ಪಂಚಕಲ್ಯಾಣದಲ್ಲಿ ಸವಾಲು ಯಾರೇ ಕೂಗಲಿ, ರಸೀದಿ ತೋರಿಸಿದವರ ಕೈಗೇ ಕಳಶ ಕೊಡಬೇಕೆಂದೂ ಬರೆದಿದ್ದೇನೆ.