ಸೀಸದ ಸುಳಿವು ಹಿಡಿದ ನಟಿ

ಹಾಲಿವುಡ್ ಎಂದೊಡನೆ ನೆನಪಾಗುವ ದೊಡ್ಡ ಹೆಸರುಗಳ ಸಾಲಿನಲ್ಲಿ ಆಲಿಸನ್ ಹೇಯ್ಸ್ ಇಲ್ಲ. ಚಲನಚಿತ್ರ ಚರಿತ್ರೆಯ ಪುಸ್ತಕಗಳಲ್ಲಿ ಆಕೆಗೆ ಒಂದೆರಡು ಸಾಲು ಸಿಕ್ಕರೆ ಹೆಚ್ಚು. ಆದರೆ ವಿಜ್ಞಾನ ಓದುವ ಮಕ್ಕಳು ಆಕೆಯ ಬದುಕನ್ನು ಅವಶ್ಯ ತಿಳಿಯಬೇಕು.

ಹೇಯ್ಸ್ ಹುಟ್ಟಿದ್ದು 1930ರಲ್ಲಿ, ಅಮೆರಿಕದ ಪಶ್ಚಿಮ ವರ್ಜೀನಿಯಾ ರಾಜ್ಯದ ಚಾರ್ಲ್ಸ್‌ಟನ್‌ನಲ್ಲಿ. ಮೊದಲಿನ ಹೆಸರು ಮೇರಿ ಜೇನ್. 1949ರಲ್ಲಿ ರಾಜಧಾನಿ ವಾಷಿಂಗ್ಟನ್ನಿನ ಪರವಾಗಿ ಮಿಸ್ ಅಮೆರಿಕ ಸ್ಪರ್ಧೆಯಲ್ಲಿ ಭಾಗವಹಿಸಿದರು. 1954ರಲ್ಲಿ ಯೂನಿವರ್ಸಲ್ ಸಂಸ್ಥೆಯ ಮೂಲಕ ಚಿತ್ರರಂಗಕ್ಕೆ ಬಂದರು. ದೊಡ್ಡ ಪಾತ್ರಗಳು ಒದಗಿ ಬರಲಿಲ್ಲ. ಹೆಚ್ಚಾಗಿ ಸಿಕ್ಕಿದ್ದು ಕಡಿಮೆ ಖರ್ಚಿನಲ್ಲಿ, ಕೆಲವೇ ದಿನಗಳಲ್ಲಿ ಮುಗಿಸುತ್ತಿದ್ದ ಚಿತ್ರಗಳು. 1956ರ ‘ಗನ್‌ಸ್ಲಿಂಗರ್’ ಚಿತ್ರೀಕರಣದಲ್ಲಿ ಕುದುರೆಯಿಂದ ಬಿದ್ದು ಕೈ ಮುರಿದುಕೊಂಡರು. ಕಿರುತೆರೆಯಲ್ಲಿ ‘ಪೆರ್ರಿ ಮೇಸನ್’, ‘ಬ್ಯಾಟ್ ಮಾಸ್ಟರ್‌ಸನ್’ ಮೊದಲಾದ ಸರಣಿಗಳಲ್ಲಿ ನಟಿಸಿದರು.

ಆಕೆಯನ್ನು ಜನ ಇಂದಿಗೂ ನೆನೆಯುವುದು 1958ರ ‘ಅಟ್ಯಾಕ್ ಆಫ್ ದಿ 50 ಫುಟ್ ವುಮನ್’ ಚಿತ್ರದಿಂದ. ಕಥಾನಾಯಕಿ 50 ಅಡಿ ಎತ್ತರಕ್ಕೆ ಬೆಳೆಯುವ ಕಥೆ ಅದು. ಇದು ಸಾಧ್ಯವೇ? ಲೆಕ್ಕ ಹಾಕಿ ನೋಡಿ. ಐದೂವರೆ ಅಡಿಯ ವ್ಯಕ್ತಿ 50 ಅಡಿಯಾದರೆ ಎತ್ತರ ಸುಮಾರು 9 ಪಟ್ಟು. ಅಗಲ, ದಪ್ಪಗಳೂ ಅಷ್ಟೇ ಪಟ್ಟು ಹೆಚ್ಚುವುದರಿಂದ ತೂಕ 9×9×9, ಅಂದರೆ 729 ಪಟ್ಟು. ಆದರೆ ಮೂಳೆಯ ಬಲವನ್ನು ನಿರ್ಧರಿಸುವ ಅಡ್ಡಕೊಯ್ತದ ವಿಸ್ತೀರ್ಣ ಹೆಚ್ಚುವುದು 81 ಪಟ್ಟು ಮಾತ್ರ. ಮೂಳೆಯ ಪ್ರತಿ ಚದರ ಅಂಗುಲವೂ ಮೊದಲಿನ 9 ಪಟ್ಟು ಭಾರ ಹೊರಬೇಕು. ಓಡುವುದಿರಲಿ, ನೆಟ್ಟಗೆ ನಿಲ್ಲುವುದೂ ಕಷ್ಟ.

ತೆರೆಯ ಮೇಲಿನ ಕಥೆ ಹೀಗಾಯಿತು. ನಿಜ ಜೀವನದಲ್ಲೂ ಆಕೆಗೆ ಕಂಟಕ ಬಂದದ್ದು ಮೂಳೆಯಿಂದಲೇ, ಆದರೆ ಬೇರೆ ದಾರಿಯಲ್ಲಿ.

ವೈದ್ಯರ ಸಲಹೆಯಂತೆ ಹೇಯ್ಸ್ ಕ್ಯಾಲ್ಸಿಯಂ ಪೂರಕವೊಂದನ್ನು ಸೇವಿಸುತ್ತಿದ್ದರು. ಅದು ಪ್ರಾಣಿಗಳ ಮೂಳೆಯನ್ನು ಪುಡಿಮಾಡಿ ತಯಾರಿಸಿದ್ದು. 1960ರ ದಶಕದಲ್ಲಿ ಆರೋಗ್ಯ ಕೆಡತೊಡಗಿತು. ನೋವು, ನಿಶ್ಶಕ್ತಿ; ಕೋಲಿಲ್ಲದೆ ನಡೆಯಲಾಗದ ಸ್ಥಿತಿ. ವೈದ್ಯರನ್ನು ಕಂಡರೂ ಕಾರಣ ತಿಳಿಯಲಿಲ್ಲ. 1965ರಲ್ಲಿ ಎಲ್ವಿಸ್ ಪ್ರೆಸ್ಲಿ ನಾಯಕನಾಗಿದ್ದ ‘ಟಿಕಲ್ ಮಿ’ ಚಿತ್ರದ ಸಣ್ಣ ಪಾತ್ರವೇ ಬೆಳ್ಳಿತೆರೆಯಲ್ಲಿ ಕೊನೆಯದಾಯಿತು.

ಮುಂದೆ ಹೇಯ್ಸ್ ಮಾಡಿದ್ದನ್ನು ಮಕ್ಕಳು ಗಮನಿಸಬೇಕು. ಕಾರ್ಖಾನೆಯ ಕೆಲಸಗಾರರಿಗೆ ಲೋಹದ ವಿಷ ಏರುವ ಬಗೆಯನ್ನು ವಿವರಿಸುವ ವೈದ್ಯಕೀಯ ಪುಸ್ತಕವೊಂದನ್ನು ಓದಿದರು. ಅಲ್ಲಿನ ಲಕ್ಷಣಗಳು ತಮ್ಮ ಲಕ್ಷಣಗಳಿಗೆ ಹೋಲುತ್ತಿದ್ದವು. ಆದರೆ ತಾವು ಕಾರ್ಖಾನೆಯಲ್ಲಿ ದುಡಿದವರಲ್ಲ. ಹಾಗಾದರೆ ಲೋಹ ಬಂದದ್ದೆಲ್ಲಿಂದ? ದಿನವೂ ನುಂಗುತ್ತಿದ್ದ ಪೂರಕದ ಮೇಲೆ ಅನುಮಾನ ಬಂತು. ವಿಷಶಾಸ್ತ್ರಜ್ಞರೊಬ್ಬರಿಂದ ಅದನ್ನು ಪರೀಕ್ಷೆ ಮಾಡಿಸಿದರು. ಅದರಲ್ಲಿ ಸೀಸದ ಅಂಶ ವಿಪರೀತವಾಗಿತ್ತು!

ಮೂಳೆಪುಡಿಗೆ ಸೀಸ ಸೇರುವುದು ಹೇಗೆ? ಕ್ಯಾಲ್ಸಿಯಂ ಮತ್ತು ಸೀಸ ಎರಡೂ ಎರಡು ಧನ ಆವೇಶಗಳುಳ್ಳ ಅಯಾನುಗಳಾಗುತ್ತವೆ. ದೇಹ ಸೀಸವನ್ನೂ ಕ್ಯಾಲ್ಸಿಯಂನಂತೆಯೇ ಮೂಳೆಗೆ ಸಾಗಿಸುತ್ತದೆ. ಪ್ರಾಣಿ ಮೇವಿನೊಡನೆ, ನೀರಿನೊಡನೆ ಸೇವಿಸಿದ ಸೀಸ ವರ್ಷಗಟ್ಟಲೆ ಮೂಳೆಯಲ್ಲಿ ಶೇಖರವಾಗುತ್ತ ಹೋಗುತ್ತದೆ. ಆ ಮೂಳೆಯ ಪುಡಿ ನುಂಗಿದವರಿಗೆ ಸೀಸವೂ ವರ್ಗವಾಗುತ್ತದೆ. ರಕ್ತದಲ್ಲಿನ ಸೀಸ ಅರ್ಧಕ್ಕಿಳಿಯಲು ಸುಮಾರು ಒಂದು ತಿಂಗಳು ಸಾಕು; ಮೂಳೆಯಲ್ಲಿ ಸೇರಿದ್ದು ದಶಕಗಳ ಕಾಲ ಉಳಿಯುತ್ತದೆ.

ಹೇಯ್ಸ್ ಅಷ್ಟಕ್ಕೇ ಸುಮ್ಮನಾಗಲಿಲ್ಲ. ಅಂಥ ಪೂರಕದ ಆಮದು ನಿಲ್ಲಿಸುವಂತೆ ಅಮೆರಿಕದ ಆಹಾರ ಮತ್ತು ಔಷಧ ಇಲಾಖೆಯನ್ನು ಒತ್ತಾಯಿಸಿದರು. 1976ರಲ್ಲಿ ಆಕೆಗೆ ರಕ್ತದ ಕ್ಯಾನ್ಸರ್ ಇರುವುದು ತಿಳಿಯಿತು. 1977ರ ಫೆಬ್ರವರಿಯಲ್ಲಿ, 47 ತುಂಬುವ ಮೊದಲೇ ತೀರಿಕೊಂಡರು. ಪೂರಕಗಳ ಆಮದು ನಿಯಮಗಳನ್ನು ತಿದ್ದಲಾಗುತ್ತಿದೆ ಎಂಬ ಇಲಾಖೆಯ ಪತ್ರ ಮನೆಗೆ ಬಂದಾಗ ಓದಲು ಆಕೆ ಇರಲಿಲ್ಲ. ಅದೇ ವರ್ಷ ಈ ಪ್ರಕರಣ ಅಮೆರಿಕದ ವೈದ್ಯಕೀಯ ಸಂಘದ ಪತ್ರಿಕೆಯಲ್ಲಿ ಪ್ರಕಟವಾಯಿತು. 1982ರಲ್ಲಿ ಶಿಶುಗಳು ಹಾಗೂ ಗರ್ಭಿಣಿಯರು ಮೂಳೆಪುಡಿಯನ್ನು ಆದಷ್ಟು ದೂರವಿಡಬೇಕೆಂದು ಇಲಾಖೆ ಎಚ್ಚರಿಸಿತು.

ಕ್ಯಾನ್ಸರಿಗೂ ಸೀಸವೇ ಕಾರಣವೆಂದು ಹೇಳಿಬಿಡುವುದು ಸುಲಭ. ಒಬ್ಬರ ಕಾಯಿಲೆಯಿಂದ ಅದು ಸಿದ್ಧವಾಗುವುದಿಲ್ಲ. ಒಂದರ ಹಿಂದೆ ಇನ್ನೊಂದು ಬಂದ ಮಾತ್ರಕ್ಕೆ ಮೊದಲಿನದೇ ಕಾರಣವೆನ್ನಲಾಗದು.

ಹೇಯ್ಸ್ ವಿಜ್ಞಾನಿಯಾಗಿ ಹೆಸರು ಮಾಡಿದವರಲ್ಲ. ಆದರೂ ಲಕ್ಷಣ ಗಮನಿಸಿ, ಓದಿ, ಊಹಿಸಿ, ಪರೀಕ್ಷೆ ಮಾಡಿಸಿ, ಸಿಕ್ಕ ಫಲಿತಾಂಶವನ್ನು ಇತರರಿಗೂ ತಿಳಿಸಿದರು. ಪಠ್ಯಪುಸ್ತಕದಲ್ಲಿ ವೈಜ್ಞಾನಿಕ ವಿಧಾನವೆಂದು ಬರೆದಿರುವುದು ಇದನ್ನೇ. ಪೋಷಕರು ಮಕ್ಕಳಿಗೆ ಟಾನಿಕ್ಕು, ಶಕ್ತಿಪುಡಿ ತರುವ ಮುನ್ನ ಡಬ್ಬಿಯ ಮೇಲಿನ ಬರಹವನ್ನು ಮಕ್ಕಳಿಂದಲೇ ಓದಿಸಲಿ. ಅದು ಯಾವುದರಿಂದ ತಯಾರಾದದ್ದು, ನಿಜವಾಗಿ ಬೇಕೇ ಎಂದು ವೈದ್ಯರನ್ನು ಕೇಳಲಿ. ಕೇಳುವುದಕ್ಕೆ ಸಂಕೋಚ ಬೇಡ.