ಕಚ್ಚದ ನೊರಜು

ಮುಸ್ಸಂಜೆಯಲ್ಲಿ ಕೆರೆಯ ಏರಿಯ ಮೇಲೆ ನಡೆದವರಿಗೆ ಈ ನೋಟ ಹೊಸದಲ್ಲ. ತಲೆಯ ಮೇಲೆ ಸಣ್ಣ ಹುಳುಗಳ ಹಿಂಡೊಂದು ಹೊಗೆಯ ಕಂಬದಂತೆ ಏರಿಳಿಯುತ್ತಿರುತ್ತದೆ. ದೀಪ ಹೊತ್ತಿಸಿದೊಡನೆ ಅವು ಮನೆಯೊಳಗೂ ಬರುತ್ತವೆ. ಸೊಳ್ಳೆಗಳೆಂದು ಬಗೆದು ನಾವು ಕೈಯೆತ್ತುತ್ತೇವೆ. ಕೆರೆಯ ಪಕ್ಕದ ಶಾಲೆಯೊಂದರಲ್ಲಿ ಉಪಾಧ್ಯಾಯನಾಗಿದ್ದಾಗ, ಗೋಡೆಯ ತುಂಬ ಕುಳಿತಿದ್ದ ಇಂಥ ಹುಳುಗಳಿಗೆ ವಿಷದ ಪುಡಿ ಎರಚಿ, ಮಕ್ಕಳನ್ನು ಕಾಪಾಡಿದೆನೆಂದು ನಾನು ಹೆಮ್ಮೆಪಟ್ಟಿದ್ದೆ. "ಇವು ಯಾರನ್ನು ಕಚ್ಚಿದವು, ಮೇಷ್ಟ್ರೇ?" ಎಂದು ಹುಡುಗನೊಬ್ಬ ಕೇಳಿದ. ನನ್ನಲ್ಲಿ ಉತ್ತರವಿರಲಿಲ್ಲ.

ಅವು ಯಾರನ್ನೂ ಕಚ್ಚಿರಲಿಲ್ಲ. ಚುಚ್ಚಿ ರಕ್ತ ಹೀರುವ ಕೊಳವೆಯೇ ಈ ನೊರಜುಗಳಿಗಿಲ್ಲ. ಇವುಗಳ ಒಂದು ಕುಲಕ್ಕೆ 1803ರಲ್ಲಿ ಜರ್ಮನಿಯ ಕೀಟವಿಜ್ಞಾನಿ ಮೈಗೆನ್ ಕೈರಾನೊಮಸ್ ಎಂದು ಹೆಸರಿಟ್ಟನು. ಗ್ರೀಕ್ ಭಾಷೆಯಲ್ಲಿ ಕೈಸನ್ನೆ ಮಾಡುವವನು ಎಂದು ಅದರ ಅರ್ಥ. ಕುಳಿತಾಗ ಸೊಳ್ಳೆ ಸಾಮಾನ್ಯವಾಗಿ ಹಿಂಗಾಲುಗಳನ್ನು ಎತ್ತಿದರೆ, ಈ ನೊರಜು ಮುಂಗಾಲುಗಳನ್ನು ಎತ್ತಿರುತ್ತದೆ. ಇಷ್ಟನ್ನು ಗಮನಿಸಿದ್ದರೆ ಅಂದು ನಾನು ತಪ್ಪುತ್ತಿರಲಿಲ್ಲ.

ರೆಕ್ಕೆ ಬಂದ ಮೇಲೆ ಇದರ ಬಾಳು ಕೆಲವೇ ದಿನಗಳದು. ಅದಕ್ಕೆ ಮೊದಲು ಕೆರೆಯ ತಳದ ಕೆಸರಿನಲ್ಲಿ ಗೂಡುಕೊಳವೆ ಕಟ್ಟಿಕೊಂಡು, ಕೊಳೆತ ಕಣಗಳನ್ನು ತಿಂದು ಡಿಂಭವು ಬೆಳೆಯುತ್ತದೆ. ಮೀನುಗಳಿಗೆ ಅದು ಆಹಾರ. ನಮ್ಮ ರಕ್ತದಲ್ಲಿರುವಂತೆ ಅದರ ರಕ್ತದಲ್ಲಿಯೂ ಹಿಮೋಗ್ಲೋಬಿನ್ ಇರುವುದರಿಂದ ಮೈ ಕೆಂಪು. ಆಮ್ಲಜನಕ ತೀರ ಕಡಿಮೆಯಿದ್ದಲ್ಲಿಯೂ ಬದುಕಬಲ್ಲದು. 1881ರಲ್ಲಿ ಬಾಲ್ಬಿಯಾನಿ ಎಂಬ ವಿಜ್ಞಾನಿ ಇದರ ಲಾಲಾಗ್ರಂಥಿಯಲ್ಲಿಯೇ ಪಟ್ಟೆಪಟ್ಟೆಯ ದೈತ್ಯ ವರ್ಣತಂತುಗಳನ್ನು ಮೊದಲಿಗೆ ಕಂಡನು.

"ಕಚ್ಚದಿದ್ದರೇನು? ಅನ್ನದಲ್ಲಿ ಬೀಳುತ್ತವೆ, ಕೆಲವರಿಗೆ ಉಬ್ಬಸ ತರುತ್ತವೆ" ಎನ್ನುವವರುಂಟು. ಅದು ನಿಜವೇ. ಆದರೆ ಅವು ಮಿತಿಮೀರಿ ಹೆಚ್ಚಲು ಕಾರಣರಾರು? ನಾವು ಚರಂಡಿಯ ನೀರನ್ನು ಕೆರೆಗೆ ಹರಿಸುತ್ತೇವೆ. ಕೊಳೆ ಹೆಚ್ಚಿ ಆಮ್ಲಜನಕ ತಗ್ಗುತ್ತದೆ. ಉಳಿದ ಜೀವಿಗಳು ಅಳಿದು, ಈ ಕೆಂಪು ಹುಳು ಮಾತ್ರ ಉಂಡು ಬೆಳೆಯುತ್ತದೆ. ಸಂಜೆ ಮೇಲೇಳುವ ದಟ್ಟ ಹಿಂಡು ಕೆರೆ ನಮಗೆ ಸಲ್ಲಿಸುವ ದೂರು. ದೂರು ತಂದವನನ್ನು ಕೊಂದ ಮಾತ್ರಕ್ಕೆ ಕೆರೆಯ ರೋಗ ವಾಸಿಯಾದೀತೆ? ವಿಷ ಸುರಿದರೆ ಮೀನಿಗೂ ಕೇಡು. ಸಂಜೆ ಕಿಟಕಿ ಮುಚ್ಚಿ, ದಂಡೆಯ ದೀಪಗಳನ್ನು ತಗ್ಗಿಸಿದರೆ ಅಂದಿನ ಕಾಟ ಕಡಿಮೆಯಾದೀತು. ಚರಂಡಿಯನ್ನು ತಡೆದರೆ ಕೆರೆಯೇ ಉಳಿದೀತು.

ಪ್ರತ್ಯಕ್ಷವಾಗಿ ಕಂಡರೂ ಪ್ರಮಾಣಿಸಿ ನೋಡು ಎಂಬ ಗಾದೆ ನ್ಯಾಯಾಲಯಕ್ಕಷ್ಟೇ ಅಲ್ಲ, ಕೆರೆಯ ದಂಡೆಗೂ ಸಲ್ಲುತ್ತದೆ. ಆರೋಪಿ ಎಷ್ಟೇ ಸಣ್ಣವನಾಗಲಿ, ಗುರುತಿಸದೆ ದಂಡಿಸುವುದು ಅನ್ಯಾಯ. ಆ ಹುಡುಗನ ಪ್ರಶ್ನೆಯನ್ನು ನೀವೂ ಕೇಳಿರಿ. ನನ್ನ ಹಾಗೆ ತಡವಾಗಿ ಅಲ್ಲ, ಕೈಯೆತ್ತುವ ಮೊದಲೇ ಕೇಳಿರಿ.